ದೇವರಗುಡ್ಡರ ಕೊರಳಲ್ಲಿ ಮಾದಪ್ಪನ ಮಹಾಕಾವ್ಯ

ಶ್ರೀ ಮಲೆ ಮಹದೇಶ್ವರ ಬೆಟ್ಟಕ್ಕೆ ಬರುವ ಭಕ್ತಾದಿಗಳ ಕಿವಿಗೆ ಮೊದಲು ಬೀಳುವುದು ‘ಉಘೇ ಉಘೇ ಮಾದಪ್ಪ’ ಎಂಬ ಘೋಷ. ಅದರ ಬೆನ್ನಿಗೇ ಕೇಳಿಸುವುದು ಕಂಸಾಳೆಯ ಕಂಚಿನ ನಾದ. ಕೊರಳಲ್ಲಿ ರುದ್ರಾಕ್ಷಿ, ಹೆಗಲಲ್ಲಿ ಜೋಳಿಗೆ, ಕೈಯಲ್ಲಿ ಕಂಸಾಳೆ ಹಿಡಿದು ಮಾದಪ್ಪನ ಮಹಿಮೆ ಹಾಡುವ ಇವರನ್ನು ‘ದೇವರಗುಡ್ಡರು’ ಎಂದು ಕರೆಯುತ್ತಾರೆ. ‘ಕಂಸಾಳೆಯವರು’ ಎಂಬ ಹೆಸರೂ ಉಂಟು. ಬೆಟ್ಟಕ್ಕೆ ಬಂದವರು ಸ್ವಾಮಿಯ ದರ್ಶನ ಮಾಡಿ, ಪ್ರಸಾದ ಸ್ವೀಕರಿಸಿ, ಇವರ ಮುಂದೆ ಒಂದೆರಡು ನಿಮಿಷ ನಿಂತು, ಕಾಣಿಕೆ ಹಾಕಿ ಮುಂದೆ ಹೋಗುವುದೇ ಹೆಚ್ಚು. ಆದರೆ ಆ ಎರಡು ನಿಮಿಷದ ಹಾಡು ರಾತ್ರಿಗಟ್ಟಲೆ ಹಾಡಿದರೂ ಮುಗಿಯದ ಒಂದು ಮಹಾಕಾವ್ಯದ ತುಣುಕು ಎಂಬುದು ಅನೇಕರಿಗೆ ತಿಳಿದಿರುವುದಿಲ್ಲ. ಶ್ರೀ ಕ್ಷೇತ್ರಕ್ಕೆ ಬಂದ ಭಕ್ತರು ಈ ಹಾಡುಗಾರರು ಯಾರು, ಏನನ್ನು ಹಾಡುತ್ತಾರೆ, ಹೇಗೆ ನೆನಪಿಟ್ಟುಕೊಳ್ಳುತ್ತಾರೆ, ಅದು ಮುಂದೆ ಉಳಿಯಬೇಕಾದರೆ ಏನಾಗಬೇಕು ಎಂಬುದನ್ನು ತಿಳಿಯಬೇಕೆಂಬ ಉದ್ದೇಶದಿಂದ ಈ ಪಾಠವನ್ನು ಕೊಡಲಾಗಿದೆ.

ಎಪ್ಪತ್ತೇಳು ಮಲೆಯ ಒಡೆಯ

ಮಲೆ ಮಹದೇಶ್ವರ ಬೆಟ್ಟವು ಚಾಮರಾಜನಗರ ಜಿಲ್ಲೆಯ ಹನೂರು ತಾಲ್ಲೂಕಿನಲ್ಲಿದೆ. 1997ರವರೆಗೆ ಇದು ಮೈಸೂರು ಜಿಲ್ಲೆಗೆ ಸೇರಿತ್ತು. ಅದಕ್ಕೂ ಹಿಂದೆ, 1956ರ ರಾಜ್ಯ ಪುನರ್ವಿಂಗಡಣೆಗೆ ಮೊದಲು, ಕೊಳ್ಳೇಗಾಲ ಸೀಮೆಯು ಮದ್ರಾಸ್ ರಾಜ್ಯದ ಕೊಯಮತ್ತೂರು ಜಿಲ್ಲೆಯಲ್ಲಿತ್ತು. ಸುತ್ತ ಕಾಡು, ಸುತ್ತ ಮಲೆ. ಆನೆಮಲೆ, ಜೇನುಮಲೆ, ಕಾನುಮಲೆ, ಪವಳಮಲೆ, ಪೊನ್ನಾಚಿಮಲೆ, ಕೊಂಗುಮಲೆ, ನಡುವೆ ನಾಗಮಲೆ ಎಂದು ಭಕ್ತರು ಎಣಿಸುತ್ತಾರೆ. ಎಲ್ಲ ಸೇರಿ ಎಪ್ಪತ್ತೇಳು ಮಲೆ ಎಂಬುದು ಹಾಡಿನ ಲೆಕ್ಕ.

ಮಹದೇಶ್ವರರು ಸುಮಾರು 14–15ನೇ ಶತಮಾನದಲ್ಲಿ ಇದ್ದ ಮಹಿಮಾಪುರುಷರು ಎಂದು ವಿದ್ವಾಂಸರು ಅಭಿಪ್ರಾಯಪಡುತ್ತಾರೆ. ಭಕ್ತರಿಗೆ ಅವರು ಹುಲಿಯನ್ನೇರಿದ ಮಾಯ್ಕಾರ ಮಾದಪ್ಪ. ಇಲ್ಲಿನ ಪೂಜೆ ಬೇಡಗಂಪಣ ಜನಾಂಗದವರದು. ಮಹಾಶಿವರಾತ್ರಿ, ಯುಗಾದಿ, ಮಹಾಲಯ ಅಮಾವಾಸ್ಯೆ, ದೀಪಾವಳಿಗಳಲ್ಲಿ ಜಾತ್ರೆ ನಡೆಯುತ್ತದೆ. ದೀಪಾವಳಿಯಲ್ಲಿ ಬೇಡಗಂಪಣರ 101 ಹೆಣ್ಣುಮಕ್ಕಳು ಹಾಲರವೆ ಹೊತ್ತು ತರುವ ಸೇವೆಯನ್ನು ನೋಡಲು ಜನಸಾಗರವೇ ಸೇರುತ್ತದೆ. ಶಿವರಾತ್ರಿಗೆ ಕನಕಪುರ, ರಾಮನಗರದ ಕಡೆಯಿಂದ ಕಾವೇರಿ ದಾಟಿ, ಕಾಡು ಹಾದು ಕಾಲ್ನಡಿಗೆಯಲ್ಲಿ ಬರುವ ಭಕ್ತರೂ ಇದ್ದಾರೆ. ಹೊಳೆಯ ಆಚೆಯ ತಮಿಳುನಾಡಿನಿಂದಲೂ ಒಕ್ಕಲು ಬರುತ್ತದೆ.

2023ರ ಮಾರ್ಚ್ ತಿಂಗಳಿನಲ್ಲಿ ಬೆಟ್ಟದ ಮೇಲೆ ಹುಲಿವಾಹನ ಮಹದೇಶ್ವರರ 108 ಅಡಿ ಎತ್ತರದ ಪ್ರತಿಮೆ ಉದ್ಘಾಟನೆಯಾಯಿತು. ದೂರದಿಂದಲೇ ಕಾಣುವ ಈ ಪ್ರತಿಮೆಯ ಮುಂದೆ ನಿಂತು ಎಷ್ಟೋ ಮಂದಿ ಫೋಟೋ ತೆಗೆಸಿಕೊಳ್ಳುತ್ತಾರೆ. ಆ ಹುಲಿ ಎಲ್ಲಿಂದ ಬಂತು, ಮಾದಪ್ಪ ಈ ಕಾಡಿಗೆ ಯಾಕೆ ಬಂದ, ಗುಡಿ ಕಟ್ಟಿಸಿದವರು ಯಾರು ಎಂದು ಜೊತೆಗೆ ಬಂದ ಮಕ್ಕಳು ಕೇಳಿದರೆ ಉತ್ತರ ಸಿಗುವುದು ಎಲ್ಲಿ? ಆ ಉತ್ತರವೆಲ್ಲ ದೇವರಗುಡ್ಡರ ಕೊರಳಲ್ಲಿದೆ.

ಗುಡ್ಡ ಎಂದರೆ ಯಾರು?

‘ಗುಡ್ಡ’ ಎಂದರೆ ಇಲ್ಲಿ ಬೆಟ್ಟ ಎಂದಲ್ಲ, ಶಿಷ್ಯ ಅಥವಾ ಒಕ್ಕಲು ಎಂದು ಅರ್ಥ. ದೇವರಿಗೆ ಗುಡ್ಡನಾಗುವುದೆಂದರೆ ದೇವರ ಸೇವೆಗೆ ತನ್ನನ್ನು ಒಪ್ಪಿಸಿಕೊಳ್ಳುವುದು. ಮನೆಯ ಹಿರಿಯರ ಹರಕೆಯಂತೆ ಚಿಕ್ಕ ವಯಸ್ಸಿನಲ್ಲೇ ಹುಡುಗನನ್ನು ಗುಡ್ಡನಾಗಿ ಬಿಡುವುದುಂಟು. ಗುರುವಿನಿಂದ ದೀಕ್ಷೆ ಪಡೆದ ಮೇಲೆ ಅವನು ರುದ್ರಾಕ್ಷಿ ಧರಿಸಿ, ಜೋಳಿಗೆ, ಬೆತ್ತ, ಕಂಸಾಳೆ ಹಿಡಿಯುತ್ತಾನೆ. ಮಾದಪ್ಪನ ವಾರವಾದ ಸೋಮವಾರ ಭಿಕ್ಷಕ್ಕೆ ಹೋಗಬೇಕು, ನೇಮ ತಪ್ಪಬಾರದು. ಹಾಲುಮತದ ಕುರುಬ ಸಮಾಜದವರು ಈ ಸೇವೆಯಲ್ಲಿ ಹೆಚ್ಚಾಗಿ ಕಂಡುಬಂದರೂ ಬೇರೆ ಸಮಾಜದ ಗುಡ್ಡರೂ ಇದ್ದಾರೆ. ಮೈಸೂರು, ಮಂಡ್ಯ, ಚಾಮರಾಜನಗರ ಜಿಲ್ಲೆಗಳ ಹಳ್ಳಿಗಳಲ್ಲಿ ಇವರ ಮನೆತನಗಳಿವೆ. ಬೇಸಾಯ, ಕೂಲಿ, ಕುರಿ ಸಾಕಣೆ ಇವರ ಜೀವನ. ಹಾಡುವುದು ಸೇವೆ.

ಭಿಕ್ಷ ಎಂದಾಕ್ಷಣ ಈಗಿನ ಕಾಲದ ಹುಡುಗರು ನಾಚಿಕೊಳ್ಳುತ್ತಾರೆ. ಆದರೆ ಗುಡ್ಡರ ಭಿಕ್ಷ ಹೊಟ್ಟೆಪಾಡಿನದ್ದಲ್ಲ. ಮನೆ ಬಾಗಿಲಿಗೆ ಬಂದ ಗುಡ್ಡನಿಗೆ ಒಂದು ಮೊರ ರಾಗಿ ಹಾಕಿದರೆ ಅದು ಮಾದಪ್ಪನ ಜೋಳಿಗೆಗೆ ಬಿದ್ದಂತೆ ಎಂದು ಮನೆಯವರು ಭಾವಿಸುತ್ತಿದ್ದರು. ಗುಡ್ಡನೂ ಸುಮ್ಮನೆ ಹೋಗುತ್ತಿರಲಿಲ್ಲ. ಬಾಗಿಲಲ್ಲಿ ನಿಂತು ಕತೆಯ ಒಂದಿಷ್ಟು ಭಾಗ ಹಾಡಿ, ಮನೆಗೆ ಒಳ್ಳೆಯದಾಗಲಿ ಎಂದು ಹರಸಿ ಹೋಗುತ್ತಿದ್ದ. ಹೀಗೆ ವಾರವಾರವೂ ಮನೆ ಬಾಗಿಲಲ್ಲೇ ಹಾಡು ಕೇಳಿ ಕೇಳಿ ಊರಿನ ಹೆಂಗಸರು ಮಕ್ಕಳಿಗೆಲ್ಲ ಕತೆ ಗೊತ್ತಿರುತ್ತಿತ್ತು. ಗುಡ್ಡ ಎಲ್ಲಾದರೂ ಒಂದು ಸಂಗತಿ ಬಿಟ್ಟರೆ ‘ಅದ್ಯಾಕಪ್ಪ ಬುಟ್ಬುಟ್ಟೆ?’ ಎಂದು ಕೇಳುವ ಅಜ್ಜಿ ಪ್ರತಿ ಊರಲ್ಲೂ ಇರುತ್ತಿದ್ದಳು. ಹಾಡುವವನ ನೆನಪನ್ನು ಕಾದವರು ಇಂಥ ಕೇಳುಗರೇ.

ಕಂಸಾಳೆ ಮತ್ತು ಮೇಳ

ಕಂಸಾಳೆ ಎಂಬುದು ಕಂಚಿನ ಜೋಡಿ ತಾಳ. ಒಂದು ಬಟ್ಟಲಿನ ಆಕಾರದ್ದು, ಅದನ್ನು ಎಡ ಅಂಗೈಯಲ್ಲಿ ಹಿಡಿಯುತ್ತಾರೆ. ಇನ್ನೊಂದು ಚಪ್ಪಟೆಯಾದ ಬಿಲ್ಲೆ. ಅದರ ನಡುವೆ ದಾರ ಪೋಣಿಸಿ, ತುದಿಗೆ ಗೊಂಡೆ ಕಟ್ಟಿ ಬಲಗೈಯಲ್ಲಿ ಹಿಡಿದಿರುತ್ತಾರೆ. ಬಿಲ್ಲೆಯು ಬಟ್ಟಲಿನ ಮೇಲೆ ಬಿದ್ದಾಗ ಬರುವ ನಾದವು ಕತೆಯ ಸಂದರ್ಭಕ್ಕೆ ತಕ್ಕಂತೆ ಮೆಲ್ಲಗೋ ಜೋರಾಗಿಯೋ ಇರುತ್ತದೆ.

ಇದರಲ್ಲಿ ಎರಡು ಬಗೆ ಇದೆ. ಒಂದು ಬೀಸು ಕಂಸಾಳೆ. ದಾರ ಹಿಡಿದು ಬಿಲ್ಲೆಯನ್ನು ತಲೆಯ ಮೇಲೆ, ಬೆನ್ನ ಹಿಂದೆ, ಮೊಣಕಾಲ ಕೆಳಗೆ ಬೀಸಿ, ಜೊತೆಗಾರನ ಬಟ್ಟಲಿಗೂ ತಾಕಿಸಿ ಕುಣಿಯುವ ವೀರ ಕುಣಿತವಿದು. ಮೆರವಣಿಗೆ, ಸಭೆ ಸಮಾರಂಭಗಳಲ್ಲಿ ತಾವು ಕಾಣುವುದು ಇದನ್ನೇ. ಇನ್ನೊಂದು ಕತೆ ಹೇಳುವ ಮೇಳ. ಮೂರು ನಾಲ್ಕು ಜನ ಕುಳಿತೋ ನಿಂತೋ ಹಾಡುತ್ತಾರೆ. ಮುಮ್ಮೇಳದ ಗುಡ್ಡ ಕತೆ ನಡೆಸುತ್ತಾನೆ, ಹಿಮ್ಮೇಳದವರು ಸೊಲ್ಲು ಹಿಡಿಯುತ್ತಾರೆ. ಕಂಸಾಳೆಯ ಜೊತೆಗೆ ದಮ್ಮಡಿ, ಏಕತಾರಿಗಳನ್ನು ಬಳಸುವ ಮೇಳಗಳೂ ಇವೆ. ಹಾಡು ನಡೆಯುತ್ತಾ ನಡುನಡುವೆ ಮಾತಿನಲ್ಲಿ ಕತೆ ಹೇಳುವುದು, ಮತ್ತೆ ಹಾಡಿಗೆ ಏರುವುದು, ಹಿಮ್ಮೇಳದವನು ‘ಆಮೇಲೆ?’ ಎಂಬಂತೆ ಹೂಂಗುಟ್ಟುವುದು ಈ ಮೇಳದ ಕ್ರಮ. ಮಹಾಕಾವ್ಯ ಉಳಿದು ಬಂದಿರುವುದು ಈ ಎರಡನೆಯ ಬಗೆಯಲ್ಲಿ.

ಕತೆಯ ಸಾಲುಗಳು

ಮಾದಪ್ಪನ ಕಾವ್ಯದ ಒಂದೊಂದು ಭಾಗಕ್ಕೂ ‘ಸಾಲು’ ಎಂದು ಹೆಸರು. ‘ಕವಟ್ಲು’ ಎಂದೂ ಹೇಳುತ್ತಾರೆ. ಕವಲು ಎಂಬ ಅರ್ಥ ಬರುತ್ತದೆ. ಮರ ಒಂದೇ, ಕವಲು ಹಲವು. ಮುಖ್ಯವಾದ ಕೆಲವನ್ನು ಇಲ್ಲಿ ಹೇಳಲಾಗಿದೆ.

ಶ್ರವಣ ದೊರೆಯ ಸಾಲು: ಶ್ರವಣನು ದೇವಾನುದೇವತೆಗಳನ್ನೆಲ್ಲ ಸೆರೆಯಲ್ಲಿಟ್ಟು ತನ್ನ ಚಾಕರಿ ಮಾಡಿಸಿಕೊಳ್ಳುತ್ತಿದ್ದ. ಉತ್ತರಾಜಮ್ಮನ ಮಗನಾಗಿ ಬಂದ ಮಾದಪ್ಪ, ಹರಳಯ್ಯನ ಕೈಯಲ್ಲಿ ಅರಗಿನ ಪಾದರಕ್ಷೆ ಮಾಡಿಸಿ, ಉಪಾಯದಿಂದ ಶ್ರವಣನನ್ನು ಸಂಹರಿಸಿ ದೇವತೆಗಳ ಸೆರೆ ಬಿಡಿಸಿದ. ದೊರೆಯ ಸೊಕ್ಕು ಮುರಿಯಲು ನೆರವಾದದ್ದು ಚಪ್ಪಲಿ ಹೊಲಿಯುವವನ ಕೈ ಎಂಬುದನ್ನು ಗಮನಿಸಬೇಕು.

ಮಠಗಳ ಕತೆ: ಮಾದಪ್ಪ ಉತ್ತರ ದೇಶದಿಂದ ಬಂದು ಸುತ್ತೂರು ಮಠ, ಕುಂತೂರು ಮಠಗಳಲ್ಲಿದ್ದ. ಮಠದಲ್ಲಿ ರಾಗಿ ಬೀಸುವ ಕೆಲಸ ಕೊಟ್ಟರೆ ಅದನ್ನೂ ಮಾಡಿದ. ದೇವರು ಬೀಸುಕಲ್ಲಿನ ಮುಂದೆ ಕೂತ ಕತೆ ಕೇಳುವಾಗ, ದಿನಾ ಬೆಳಗಾದರೆ ರಾಗಿ ಬೀಸುತ್ತಿದ್ದ ನಮ್ಮ ಹಿಂದಿನ ತಾಯಂದಿರಿಗೆ ಮಾದಪ್ಪ ಎಷ್ಟು ಹತ್ತಿರದವನಾಗಿ ಕಂಡಿರಬೇಕು!

ಆಲಂಬಾಡಿ ಜುಂಜೇಗೌಡನ ಸಾಲು: ಆಲಂಬಾಡಿಯ ಸಿರಿವಂತ ಜುಂಜೇಗೌಡ ಮಾದಪ್ಪನ ಒಕ್ಕಲಾಗಿ ಬೆಟ್ಟದ ಮೇಲೆ ಗುಡಿ ಕಟ್ಟಿಸಿದ ಕತೆ.  ಹಾಡಿನಲ್ಲಿ ಆಲಂಬಾಡಿ ಇಂದಿಗೂ ಮಾದಪ್ಪನ ಸೀಮೆ.

ಬೇವಿನಟ್ಟಿ ಕಾಳಮ್ಮನ ಸಾಲು: ಏಳು ಮಂದಿ ಗಂಡುಮಕ್ಕಳು, ಸೊಸೆಯರು, ತುಂಬಿದ ಕಣಜ ಇದ್ದರೂ ಜಂಗಮನಾಗಿ ಬಂದ ಮಾದಪ್ಪನಿಗೆ ಕಾಳಮ್ಮ ಭಿಕ್ಷ ಕೊಡದೆ ಸುಳ್ಳು ಹೇಳಿ ಕಳಿಸಿದಳು. ಕಡೆಗೆ ಆ ಸಿರಿಯೆಲ್ಲ ಕರಗಿಹೋಯಿತು. ಇದ್ದುದನ್ನು ಇಲ್ಲ ಎನ್ನಬಾರದು ಎಂಬುದಕ್ಕೆ ಹಳ್ಳಿಗಳಲ್ಲಿ ಹೇಳುವ ಕತೆ ಇದು.

ಇವಲ್ಲದೆ ಇಕ್ಕೇರಿ ದೇವಮ್ಮನ ಸಾಲು, ಸರಗೂರಯ್ಯನ ಸಾಲು ಮುಂತಾದವೂ ಇವೆ. ಎಲ್ಲಕ್ಕಿಂತ ಹೆಚ್ಚು ಜನಪ್ರಿಯವಾದದ್ದು ಸಂಕಮ್ಮನ ಸಾಲು.

ಸಂಕಮ್ಮ ಭಾಷೆ ಕೊಡಲಿಲ್ಲ

ಸಂಕಮ್ಮ ಸೋಲಿಗರ ಹೆಣ್ಣುಮಗಳು. ಗಂಡ ನೀಲೇಗೌಡ. ಇವರಿಗೆ ಮಕ್ಕಳಿಲ್ಲ. ನೀಲೇಗೌಡ ಕಾಡಿಗೆ ಹೊರಟು ನಿಂತಾಗ, ತಾನು ಬರುವವರೆಗೆ ನೀನು ನಿಯತ್ತಾಗಿರುತ್ತೀ ಎಂದು ಬಲಗೈ ಭಾಷೆ ಕೊಡು ಎಂದು ಹೆಂಡತಿಯನ್ನು ಕೇಳುತ್ತಾನೆ. ಸಂಕಮ್ಮ ಒಪ್ಪುವುದಿಲ್ಲ. ನಿಯತ್ತಾಗಿರುವವಳಿಗೆ ಭಾಷೆ ಯಾಕೆ, ನಂಬಿಕೆ ಇಲ್ಲದವನಿಗೆ ಭಾಷೆಯಿಂದ ಏನು ಬಂತು ಎಂಬುದು ಅವಳ ನಿಲುವು. ಸಿಟ್ಟಿಗೆದ್ದ ನೀಲೇಗೌಡ ಅವಳಿಗೆ ಬಡಿದು ಹಿಂಸೆ ಕೊಟ್ಟು, ಗುಡಿಸಲಲ್ಲಿ ಕೂಡಿಹಾಕಿ, ಮಾಟಮಂತ್ರದ ಕಟ್ಟು ಹಾಕಿ ಕಾಡಿಗೆ ಹೋಗುತ್ತಾನೆ. ಒಳಗೆ ಸಿಕ್ಕಿಬಿದ್ದ ಸಂಕಮ್ಮ ಮಾದಪ್ಪನನ್ನು ನೆನೆಯುತ್ತಾಳೆ. ಮಾದಪ್ಪ ಜಂಗಮರೂಪದಲ್ಲಿ ಬಂದು ಕಟ್ಟು ಬಿಡಿಸಿ, ಅವಳಿಗೆ ಸಂತಾನದ ವರ ಕೊಡುತ್ತಾನೆ. ಹಿಂದಿರುಗಿ ಬಂದ ಗಂಡ ಮತ್ತೆ ಅನುಮಾನಪಟ್ಟು ಪರೀಕ್ಷೆಗಳನ್ನು ಒಡ್ಡಿದಾಗ ಸಂಕಮ್ಮ ಮಾದಪ್ಪನ ಕೃಪೆಯಿಂದ ಎಲ್ಲವನ್ನೂ ಗೆಲ್ಲುತ್ತಾಳೆ. ಅವಳಿಗೆ ಹುಟ್ಟಿದ ಮಕ್ಕಳೇ ಕಾರಯ್ಯ, ಬಿಲ್ಲಯ್ಯ.

ಹೀಗೆ ಹತ್ತು ಸಾಲಿನಲ್ಲಿ ಬರೆದರೆ ಕತೆ ತಿಳಿಯಿತು, ಅಷ್ಟೇ. ಮೇಳದಲ್ಲಿ ಇದೇ ಕತೆ ಇಡೀ ರಾತ್ರಿ ನಡೆಯುತ್ತದೆ. ನೀಲೇಗೌಡ ಮೊದಲ ಸಲ ಭಾಷೆ ಕೇಳುವುದು, ಸಂಕಮ್ಮ ಮೆತ್ತಗೆ ಮಾತಾಡುವುದು, ಅವನು ಮತ್ತೆ ಕೇಳುವುದು, ಅವಳ ದನಿ ಗಟ್ಟಿಯಾಗುವುದು, ಹೀಗೆ ಒಂದೊಂದು ಹಂತವನ್ನೂ ಗುಡ್ಡ ನಿಲ್ಲಿಸಿ ನಿಲ್ಲಿಸಿ ಹಾಡುತ್ತಾನೆ. ಹಿಮ್ಮೇಳದ ಸೊಲ್ಲು ಮರಳಿ ಮರಳಿ ಬರುತ್ತದೆ. ಗುಡಿಸಲ ಬಾಗಿಲು ಮುಚ್ಚಿದಾಗ ಕಂಸಾಳೆ ಮೆತ್ತಗಾಗುತ್ತದೆ. ಕೇಳುತ್ತಾ ಕೂತವರಲ್ಲಿ ಇಂಥದ್ದೇ ನೋವು ಉಂಡವರು ಇದ್ದರೆ ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾರೆ. ಬರೆದ ಸಾರಾಂಶದಲ್ಲಿ ಇದು ಬರುವುದಿಲ್ಲ. ಆದ್ದರಿಂದಲೇ ಇಂಥ ಕತೆಯನ್ನು ಓದಿದರೆ ಸಾಲದು, ಪೂರ್ತಿ ಕೇಳಬೇಕು ಎಂದು ಹಿರಿಯರು ಹೇಳುವುದು.

ಇಷ್ಟು ದೊಡ್ಡ ಕತೆ ನೆನಪಿರುವುದು ಹೇಗೆ?

ಓದು ಬರಹ ಬಾರದ ಗುಡ್ಡರು ಸಾವಿರಾರು ಸಾಲುಗಳನ್ನು ಹೇಗೆ ಹಾಡುತ್ತಾರೆ ಎಂದು ಭಕ್ತರು ಆಶ್ಚರ್ಯಪಡುವುದುಂಟು. ದೇವರ ಕೃಪೆ ಎಂದು ಗುಡ್ಡರು ಕೈಮುಗಿಯುತ್ತಾರೆ. ಆ ಕೃಪೆಯ ಜೊತೆಗೆ ಬಹಳ ವರ್ಷಗಳ ಶ್ರಮವೂ ಇದೆ.

ಹುಡುಗ ಮೊದಲು ಗುರುವಿನ ಹಿಂದೆ ಜೋಳಿಗೆ ಹೊತ್ತು ನಡೆಯುತ್ತಾನೆ. ಆಮೇಲೆ ಹಿಮ್ಮೇಳದಲ್ಲಿ ಕೂತು ಸೊಲ್ಲು ಹಿಡಿಯುವುದನ್ನು ಕಲಿಯುತ್ತಾನೆ. ಹೀಗೆ ಹತ್ತಾರು ರಾತ್ರಿ, ನೂರಾರು ರಾತ್ರಿ ಅದೇ ಕತೆ ಕೇಳಿ ಕೇಳಿ ದಾರಿ ಗೊತ್ತಾಗುತ್ತದೆ. ನಂತರ ಗುರು ಒಂದು ಚಿಕ್ಕ ಭಾಗವನ್ನು ನಡೆಸಲು ಬಿಡುತ್ತಾನೆ. ತಪ್ಪಿದರೆ ಅಲ್ಲೇ ಎತ್ತಿಕೊಳ್ಳುತ್ತಾನೆ. ಪುಸ್ತಕವಿಲ್ಲ, ಪರೀಕ್ಷೆಯಿಲ್ಲ, ಆದರೂ ಇದು ಒಂದು ಪಾಠಶಾಲೆಯೇ ಸರಿ.

ಇನ್ನೊಂದು ಗುಟ್ಟು ಇದೆ. ಗುಡ್ಡನು ಕಾವ್ಯವನ್ನು ಪಂಚಾಂಗದಂತೆ ಅಕ್ಷರಕ್ಷರ ಬಾಯಿಪಾಠ ಮಾಡಿರುವುದಿಲ್ಲ. ಕತೆಯ ದಾರಿ, ಪಾತ್ರಗಳ ಸ್ವಭಾವ, ಮಾದಪ್ಪನನ್ನು ಕರೆಯುವ ಹೆಸರುಗಳು, ಮಾದಪ್ಪ ನಡೆದು ಬರುವ ರೀತಿ, ಭಿಕ್ಷ ಬೇಡುವ ರೀತಿ, ಸಿಟ್ಟಾಗುವ ರೀತಿ ಇವೆಲ್ಲಕ್ಕೂ ಸಿದ್ಧವಾದ ನುಡಿಗಟ್ಟುಗಳಿರುತ್ತವೆ. ಸಂದರ್ಭ ಬಂದಾಗ ಅವು ತಾವಾಗಿ ನಾಲಿಗೆಗೆ ಬರುತ್ತವೆ. ಹಿಮ್ಮೇಳ ಸೊಲ್ಲು ಹಾಡುವಷ್ಟರಲ್ಲಿ ಮುಂದಿನ ಮಾತು ಹೊಂದಿಕೊಳ್ಳುತ್ತದೆ. ಆದ್ದರಿಂದ ಒಂದೇ ಸಂಕಮ್ಮನ ಸಾಲನ್ನು ಹೊತ್ತಿದ್ದರೆ ರಾತ್ರಿಯಿಡೀ, ಇಲ್ಲವಾದರೆ ಎರಡು ಗಂಟೆಯಲ್ಲಿ ಹಾಡಿ ಮುಗಿಸುವ ಶಕ್ತಿ ಒಳ್ಳೆಯ ಗುಡ್ಡನಿಗಿರುತ್ತದೆ.

ನಮ್ಮದೇ ನಾಡಿನ ತುಳುನಾಡಿನಲ್ಲಿ ಇದಕ್ಕೆ ಒಂದು ದೊಡ್ಡ ಸಾಕ್ಷಿ ಸಿಕ್ಕಿದೆ. 1990ರ ಡಿಸೆಂಬರ್‌ನಲ್ಲಿ ಬೆಳ್ತಂಗಡಿ ತಾಲ್ಲೂಕಿನ ಕೃಷಿಕ ಗೋಪಾಲ ನಾಯ್ಕರು ಹಾಡಿದ ಸಿರಿ ಮಹಾಕಾವ್ಯವನ್ನು ಫಿನ್ಲೆಂಡಿನ ವಿದ್ವಾಂಸ ಲೌರಿ ಹಾಂಕೊ ಅವರು ಬಿ.ಎ. ವಿವೇಕ ರೈ, ಚಿನ್ನಪ್ಪ ಗೌಡ ಮುಂತಾದ ನಮ್ಮ ವಿದ್ವಾಂಸರ ಜೊತೆಗೂಡಿ ಧ್ವನಿಮುದ್ರಿಸಿದರು. 1998ರಲ್ಲಿ ಅದು ಪುಸ್ತಕವಾಗಿ ಬಂದಾಗ 15,683 ಸಾಲುಗಳಿದ್ದವು. ಒಬ್ಬ ರೈತನ ನೆನಪಿನಲ್ಲಿ ಇಷ್ಟು ದೊಡ್ಡ ಕಾವ್ಯ ಇರಬಲ್ಲದು ಎಂಬುದು ಜಗತ್ತಿಗೇ ಗೊತ್ತಾಯಿತು. ಹಾಡುಗಾರನ ಮನಸ್ಸಿನಲ್ಲಿ ಕತೆ ಒಂದು ರೂಪದಲ್ಲಿ ನೆಲೆಸಿರುತ್ತದೆ, ಪ್ರತಿ ಸಲ ಹಾಡುವಾಗ ಅದು ಹೊಸದಾಗಿ ಮಾತು ಪಡೆಯುತ್ತದೆ ಎಂದು ಹಾಂಕೊ ವಿವರಿಸಿದರು.

ಹಾಡು ಪುಸ್ತಕವಾದದ್ದು

ದಕ್ಷಿಣ ಕರ್ನಾಟಕದ ವೃತ್ತಿಗಾಯಕರ ಕಾವ್ಯಗಳನ್ನು ಹಳ್ಳಿ ಹಳ್ಳಿ ಸುತ್ತಿ ಸಂಗ್ರಹಿಸಿ ಅಧ್ಯಯನ ಮಾಡಿದವರಲ್ಲಿ ಮೈಸೂರಿನ ಡಾ. ಜೀ.ಶಂ. ಪರಮಶಿವಯ್ಯನವರು ಪ್ರಮುಖರು. 1973ರಲ್ಲಿ ಡಾ. ಪಿ.ಕೆ. ರಾಜಶೇಖರ ಅವರು ಮಲೆಯ ಮಾದೇಶ್ವರ ಕಾವ್ಯವನ್ನು ಗ್ರಂಥರೂಪದಲ್ಲಿ ತಂದರು. ಹಾಡುಗಬ್ಬವನ್ನು ‘ಜನಪದ ಮಹಾಕಾವ್ಯ’ ಎಂದು ಕರೆದು ಗೌರವಿಸಿದ ಪ್ರಯತ್ನವದು.

1991ರಲ್ಲಿ ಸ್ಥಾಪನೆಯಾದ ಹಂಪಿಯ ಕನ್ನಡ ವಿಶ್ವವಿದ್ಯಾಲಯವು ಆ ದಶಕದಲ್ಲಿ ಜನಪದ ಮಹಾಕಾವ್ಯಗಳ ಪ್ರಕಟಣೆಯನ್ನು ಕೈಗೆತ್ತಿಕೊಂಡಿತು. ಹೆಬ್ಬಣಿ ಮಾದಯ್ಯ ಮತ್ತು ಸಂಗಡಿಗರು ಹಾಡಿದ ಮಲೆ ಮಾದೇಶ್ವರ ಕಾವ್ಯವನ್ನು ಡಾ. ಕೆ. ಕೇಶವನ್ ಪ್ರಸಾದ್ ಅವರು ಸಂಗ್ರಹಿಸಿ ಸಂಪಾದಿಸಿದರು. ಅದನ್ನು ಡಾ. ಸಿ.ಎನ್. ರಾಮಚಂದ್ರನ್ ಮತ್ತು ಎಲ್.ಎನ್. ಭಟ್ ಅವರು ಇಂಗ್ಲಿಷಿಗೆ ಅನುವಾದಿಸಿದರು. 2001ರಲ್ಲಿ ಸಾಹಿತ್ಯ ಅಕಾಡೆಮಿ ಈ ಅನುವಾದವನ್ನು ಪ್ರಕಟಿಸಿತು. ಊರಿನ ಜಗಲಿಯ ಮೇಲೆ ಹಾಡುತ್ತಿದ್ದ ಗುಡ್ಡನ ಹೆಸರು ಹೀಗೆ ದೇಶವಿದೇಶದ ಗ್ರಂಥಾಲಯಗಳನ್ನು ಸೇರಿತು. ಸಾಮಾನ್ಯವಾಗಿ ಇಂಥ ಪುಸ್ತಕಗಳಲ್ಲಿ ಸಂಗ್ರಹಕಾರರ ಹೆಸರು ದೊಡ್ಡದಾಗಿ ಕಾಣುತ್ತದೆ, ಹಾಡಿದವರ ಹೆಸರು ಮರೆಯಾಗುತ್ತದೆ. ಇಲ್ಲಿ ಹಾಡಿದವರ ಹೆಸರೂ ಪುಸ್ತಕದ ಜೊತೆಗೇ ಉಳಿಯಿತು ಎಂಬುದು ಸಂತೋಷದ ಸಂಗತಿ.

ಪುಸ್ತಕ ಬಂದ ಮೇಲೆ ಭಕ್ತರಲ್ಲಿ ಒಂದು ಪ್ರಶ್ನೆ ಹುಟ್ಟಿತು. ಒಂದು ಪುಸ್ತಕದಲ್ಲಿರುವ ಸಂಗತಿ ಇನ್ನೊಂದರಲ್ಲಿ ಬೇರೆ ಥರ ಇದೆಯಲ್ಲ, ಯಾವುದು ಸರಿ? ಉತ್ತರ ಸುಲಭ. ಒಂದು ಪುಸ್ತಕವೆಂದರೆ ಒಂದು ಮೇಳ ಒಂದು ಸಲ ಹಾಡಿದ್ದು. ಇನ್ನೊಂದು ಮೇಳ, ಇನ್ನೊಂದು ಗುರುಪರಂಪರೆ, ಇನ್ನೊಂದು ಊರು ಆದಾಗ ಹಾಡಿನಲ್ಲಿ ವ್ಯತ್ಯಾಸ ಬಂದೇ ಬರುತ್ತದೆ. ಅದನ್ನು ತಪ್ಪು ಎನ್ನಬಾರದು. ಒಂದೇ ಹೊಳೆಯ ನೀರನ್ನು ಇಬ್ಬರು ಬೇರೆ ಬೇರೆ ಕೊಡದಲ್ಲಿ ತಂದ ಹಾಗೆ. ಆದರೆ ಇದರಿಂದ ಇನ್ನೊಂದು ಮಾತೂ ತಿಳಿಯುತ್ತದೆ: ಪುಸ್ತಕ ಆಯಿತು, ಇನ್ನು ಹಾಡುವವರು ಇಲ್ಲದಿದ್ದರೂ ನಡೆದೀತು ಎಂದುಕೊಳ್ಳುವಂತಿಲ್ಲ. ಅಚ್ಚಾದ ಕಾವ್ಯ ಅಲ್ಲಿಗೇ ನಿಲ್ಲುತ್ತದೆ. ಹಾಡು ಮಾತ್ರ ಮುಂದೆ ನಡೆಯುತ್ತದೆ.

ನೆರೆಯ ನೀಲಗಾರರು

ಇದೇ ಸೀಮೆಯಲ್ಲಿ ಮಂಟೇಸ್ವಾಮಿ ಪರಂಪರೆಯೂ ಇದೆ. ಮಳವಳ್ಳಿ ತಾಲ್ಲೂಕಿನ ಬೊಪ್ಪೇಗೌಡನಪುರದಲ್ಲಿ ಮಂಟೇಸ್ವಾಮಿ, ಕಪ್ಪಡಿಯಲ್ಲಿ ರಾಚಪ್ಪಾಜಿ, ಚಿಕ್ಕಲ್ಲೂರಿನಲ್ಲಿ ಸಿದ್ದಪ್ಪಾಜಿ ನೆಲೆಸಿದ್ದಾರೆ. ಇವರ ಕಾವ್ಯವನ್ನು ಹಾಡುವವರು ನೀಲಗಾರರು. ಅವರ ಕೈಯಲ್ಲಿ ತಂಬೂರಿ, ಗಗ್ಗರ, ಡಕ್ಕೆ ಇರುತ್ತವೆ. ಈ ಕಾವ್ಯವನ್ನೂ ಡಾ. ಹಿ.ಚಿ. ಬೋರಲಿಂಗಯ್ಯನವರ ಸಂಪಾದಕತ್ವದಲ್ಲಿ ಕನ್ನಡ ವಿಶ್ವವಿದ್ಯಾಲಯ ಪ್ರಕಟಿಸಿದೆ. ಚಿಕ್ಕಲ್ಲೂರು ಜಾತ್ರೆಗೆ ಹೋಗುವ ಎಷ್ಟೋ ಮನೆತನಗಳು ಮಾದಪ್ಪನ ಬೆಟ್ಟಕ್ಕೂ ಬರುತ್ತವೆ. ಕಂಸಾಳೆ, ತಂಬೂರಿ ಎರಡೂ ಕೇಳಿಸುವ ಸೀಮೆ ಇದು.

ಈ ಹಾಡು ಯಾಕೆ ಉಳಿಯಬೇಕು?

ಶಾಸನಗಳನ್ನು ಬರೆಸಿದವರು ಅರಸರು, ಸಾಮಂತರು, ದಾನ ಕೊಟ್ಟ ಸಿರಿವಂತರು. ಕಾಡಿನ ಸೋಲಿಗರು, ಚಪ್ಪಲಿ ಹೊಲಿಯುವ ಹರಳಯ್ಯ, ಬೇಟೆಯ ಬೇಡರು, ಕುರಿ ಕಾಯುವ ಹಾಲುಮತದವರು, ಗಂಡನ ಅನುಮಾನಕ್ಕೆ ಬಲಿಯಾದ ಸಂಕಮ್ಮ ಇವರ ಹೆಸರನ್ನು ಕಲ್ಲಿನಲ್ಲಿ ಕೆತ್ತಿಸಿದವರು ಬಹಳ ಕಡಿಮೆ. ಇವರ ಚರಿತ್ರೆ ಇರುವುದು ಮಾದಪ್ಪನ ಸಾಲುಗಳಲ್ಲಿ. ಬೆಟ್ಟಕ್ಕೆ ಬರುವ ಬೇರೆ ಬೇರೆ ಸಮಾಜದವರು ‘ನಮ್ಮೋರ ಕತೆ ಇದರಲ್ಲದೆ’ ಎಂದು ಹೆಮ್ಮೆಯಿಂದ ಹೇಳಿಕೊಳ್ಳಲು ಕಾರಣ ಇದೇ. ಆ ಸಾಲು ಹಾಡುವವರು ಇಲ್ಲವಾದರೆ ಆ ಜನರ ನೆನಪೂ ಇಲ್ಲವಾಗುತ್ತದೆ.

ಈಗ ಮಾದಪ್ಪನ ಹಾಡಿಗೆ ಕೊರತೆಯೇನೂ ಕಾಣುವುದಿಲ್ಲ. ಮೊದಲು ಕ್ಯಾಸೆಟ್ ಬಂತು, ಆಮೇಲೆ ಸಿ.ಡಿ. ಬಂತು, ಈಗ ಮೊಬೈಲಿನಲ್ಲೇ ಬೇಕಾದ ಹಾಡು ಸಿಗುತ್ತದೆ. 1996ರಲ್ಲಿ ತೆರೆಕಂಡ ‘ಜನುಮದ ಜೋಡಿ’ ಚಿತ್ರದಿಂದ ಈ ಸೀಮೆಯ ಹಾಡಿನ ಧಾಟಿ ನಾಡಿನ ಮೂಲೆ ಮೂಲೆಗೂ ತಲುಪಿತು. ಬೀಸು ಕಂಸಾಳೆಯನ್ನು ಶಾಲಾ ಕಾಲೇಜಿನ ಮಕ್ಕಳೂ ಕಲಿತು ಕುಣಿಯುತ್ತಿದ್ದಾರೆ. ಇದೆಲ್ಲ ಒಳ್ಳೆಯದೇ. ಆದರೆ ಕ್ಯಾಸೆಟ್ಟಿಗೆ, ವೇದಿಕೆಗೆ, ಮೊಬೈಲಿಗೆ ಬೇಕಾಗುವುದು ಐದು ಹತ್ತು ನಿಮಿಷದ ಹಾಡು. ರಾತ್ರಿಯಿಡೀ ನಡೆಯುವ ಸಾಲನ್ನು ಅಲ್ಲಿ ಕೇಳುವವರಿಲ್ಲ. ಕೇಳುವವರಿಲ್ಲದ ಮೇಲೆ ಹಾಡುವವನಾದರೂ ಯಾರಿಗೆ ಹಾಡಿಯಾನು? ಗುಡ್ಡರ ಮಕ್ಕಳು ಓದಿ ಕೆಲಸ ಹುಡುಕಿ ಬೆಂಗಳೂರು, ಮೈಸೂರು ಸೇರುತ್ತಿದ್ದಾರೆ. ಅವರನ್ನು ತಪ್ಪು ಎನ್ನುವಂತಿಲ್ಲ. ಜೋಳಿಗೆ ಹಿಡಿಯುವುದರಲ್ಲಿ ಮೊದಲಿದ್ದ ಮರ್ಯಾದೆ ಊರಿನಲ್ಲಿ ಉಳಿದಿದ್ದರೆ ತಾನೇ ಅವರು ಹಿಡಿಯುವುದು? ಹಿಮ್ಮೇಳಕ್ಕೆ ಹುಡುಗರು ಇಲ್ಲದ ಕಡೆ ಮುಂದಿನ ಮುಮ್ಮೇಳ ಹುಟ್ಟುವುದಿಲ್ಲ. ಒಬ್ಬ ಹಿರಿಯ ಗುಡ್ಡ ಶಿಷ್ಯರಿಲ್ಲದೆ ತೀರಿಕೊಂಡರೆ ಅವನ ಸಂಗಡ ಕತೆಯ ಎಷ್ಟೋ ಕವಲು ಹೋಗುತ್ತವೆ.

ಸರ್ಕಾರ, ಸಂಸ್ಥೆಗಳು ತಮ್ಮ ಕೆಲಸ ಮಾಡಿವೆ. ಮೈಸೂರು ವಿಶ್ವವಿದ್ಯಾಲಯದಲ್ಲಿ 1968ರಿಂದ ಜಾನಪದ ವಸ್ತುಸಂಗ್ರಹಾಲಯವಿದೆ. ಎಚ್.ಎಲ್. ನಾಗೇಗೌಡರು 1994ರಲ್ಲಿ ರಾಮನಗರದ ಬಳಿ ಜಾನಪದ ಲೋಕ ಕಟ್ಟಿದರು. 2011ರಲ್ಲಿ ಹಾವೇರಿ ಜಿಲ್ಲೆಯ ಗೊಟಗೋಡಿಯಲ್ಲಿ ಕರ್ನಾಟಕ ಜಾನಪದ ವಿಶ್ವವಿದ್ಯಾಲಯ ಆರಂಭವಾಯಿತು. ಆದರೆ ಹಾಡು ಹುಟ್ಟಿದ್ದು ಭಕ್ತರ ಮನೆ ಬಾಗಿಲಲ್ಲಿ. ಅದು ಉಳಿಯಬೇಕಾದದ್ದೂ ಅಲ್ಲೇ.

ಭಕ್ತರು ಮಾಡಬಹುದಾದ ಸೇವೆ

ಮಾದಪ್ಪನಿಗೆ ಉರುಳು ಸೇವೆ, ಪಂಜಿನ ಸೇವೆ, ಹುಲಿವಾಹನ, ರುದ್ರಾಕ್ಷಿ ಮಂಟಪ ಮುಂತಾದ ಸೇವೆಗಳನ್ನು ಮಾಡಿಸುವ ಭಕ್ತರು ಕತೆ ಕೇಳುವುದನ್ನೂ ಒಂದು ಸೇವೆ ಎಂದು ತಿಳಿಯಬೇಕು. ಇದಕ್ಕೆ ಹೆಚ್ಚು ಖರ್ಚೇನೂ ಆಗುವುದಿಲ್ಲ.

1. ಬೆಟ್ಟದಲ್ಲಿ ಅಥವಾ ದಾರಿಯಲ್ಲಿ ದೇವರಗುಡ್ಡರು ಹಾಡುತ್ತಿದ್ದರೆ ಅವಸರ ಮಾಡದೆ ಕುಳಿತು ಕೇಳಿರಿ. ಯಾವ ಸಾಲು ಎಂದು ವಿಚಾರಿಸಿರಿ. ಕೇಳುವವರು ಇದ್ದಾರೆಂದು ಗೊತ್ತಾದರೆ ಗುಡ್ಡರ ದನಿಯೇ ಬೇರೆಯಾಗುತ್ತದೆ.

2. ಊರಿನಲ್ಲಿ ಮಾದಪ್ಪನ ಪರ ಮಾಡುವಾಗ, ಹೊಸ ಮನೆ, ಹರಕೆ ಮುಂತಾದ ಸಂದರ್ಭಗಳಲ್ಲಿ ಮೇಳದವರನ್ನು ಕರೆಸಿ ಒಂದು ರಾತ್ರಿ ಕತೆ ಮಾಡಿಸಿರಿ. ಧ್ವನಿವರ್ಧಕದಲ್ಲಿ ಹಾಡು ಹಾಕುವುದಕ್ಕಿಂತ ಇದು ಮೇಲು. ಊಟ, ದಕ್ಷಿಣೆ, ಹೋಗಿಬರುವ ಖರ್ಚನ್ನು ಮರ್ಯಾದೆಯಿಂದ ಕೊಡಿರಿ.

3. ಮಕ್ಕಳನ್ನು ಪಕ್ಕದಲ್ಲಿ ಕೂರಿಸಿಕೊಳ್ಳಿರಿ. ನಿದ್ದೆ ಬಂದರೂ ಚಿಂತೆಯಿಲ್ಲ. ನಡುನಡುವೆ ಎಚ್ಚರವಾದಾಗ ಕೇಳಿದ ತುಣುಕುಗಳೇ ಮುಂದೆ ನೆನಪಾಗುತ್ತವೆ.

4. ಹಿಮ್ಮೇಳದವರು ಸೊಲ್ಲು ಎತ್ತಿದಾಗ ಕೂತವರೂ ದನಿಗೂಡಿಸಿರಿ. ‘ಉಘೇ’ ಎನ್ನಬೇಕಾದ ಕಡೆ ಉಘೇ ಎನ್ನಿರಿ.

5. ಮೊಬೈಲಿನಲ್ಲಿ ಮುದ್ರಿಸಿಕೊಳ್ಳುವುದಾದರೆ ಮೊದಲು ಗುಡ್ಡರ ಒಪ್ಪಿಗೆ ಕೇಳಿರಿ. ಹಾಡಿದವರ ಹೆಸರು, ಊರು ಹೇಳದೆ ಯಾರಿಗೂ ಹಂಚಬೇಡಿರಿ. ಚಿಕ್ಕ ತುಂಡಿಗಿಂತ ಒಂದು ಸಾಲನ್ನು ಪೂರ್ತಿ ಮುದ್ರಿಸಿದರೆ ಮುಂದೆ ಕಲಿಯುವ ಹುಡುಗನಿಗೆ ಉಪಯೋಗವಾದೀತು.

6. ನಿಮ್ಮ ಮನೆಯ ಅಜ್ಜ ಅಜ್ಜಿಯರಿಗೆ ಮಾದಪ್ಪನ ಕತೆಯ ಒಂದೆರಡು ಭಾಗವಾದರೂ ಗೊತ್ತಿರಬಹುದು. ಈ ಯಾತ್ರೆಯಿಂದ ಹಿಂದಿರುಗಿದ ಮೇಲೆ ಕೇಳಿ ನೋಡಿರಿ.

ಕೆಲವು ಮಾತುಗಳ ಅರ್ಥ

ಉಘೇ: ಜಯವಾಗಲಿ ಎಂಬ ಘೋಷ.
ಒಕ್ಕಲು: ದೇವರಿಗೆ ನಡೆದುಕೊಳ್ಳುವ ಭಕ್ತರ ಮನೆತನ.
ಗುಡ್ಡ: ಹರಕೆ ಹೊತ್ತು ದೀಕ್ಷೆ ಪಡೆದ ದೇವರ ಶಿಷ್ಯ.
ಸಾಲು, ಕವಟ್ಲು: ಮಹಾಕಾವ್ಯದ ಒಂದು ಭಾಗ.
ಸೊಲ್ಲು: ಹಿಮ್ಮೇಳದವರು ಮರಳಿ ಮರಳಿ ಹಾಡುವ ನುಡಿ.
ಮಾಯ್ಕಾರ: ಮಾಯೆ ತೋರಬಲ್ಲವನು, ಮಾದಪ್ಪನ ಬಿರುದು.
ಪರ: ಮಾದಪ್ಪನ ಹೆಸರಿನಲ್ಲಿ ಭಕ್ತರಿಗೆ ಮಾಡಿಸುವ ಹರಕೆಯ ಊಟ.
ಬಲಗೈ ಭಾಷೆ: ಕೈಯ ಮೇಲೆ ಕೈಯಿಟ್ಟು ಕೊಡುವ ಆಣೆಯ ಮಾತು.

ಬೇವಿನಟ್ಟಿ ಕಾಳಮ್ಮನ ಕಣಜದಲ್ಲಿ ದವಸ ತುಂಬಿತ್ತು. ಬಾಗಿಲಿಗೆ ಬಂದವನನ್ನು ಗುರುತಿಸದೆ, ಇಲ್ಲ ಎಂದು ಹೇಳಿ ಕಳಿಸಿ ಅವಳು ಕೆಟ್ಟಳು. ಕಂಸಾಳೆ ಹಿಡಿದು ಬಾಗಿಲಿಗೆ ಬರುವ ಗುಡ್ಡನೂ ಮಾದಪ್ಪನ ಕಡೆಯವನೇ. ಅವನಿಗೆ ಬೇಕಾದದ್ದು ಒಂದು ಮೊರ ರಾಗಿ, ಒಂದಿಷ್ಟು ಹೊತ್ತು. ರಾಗಿ ಕೊಡುವವರು ಇಂದಿಗೂ ಇದ್ದಾರೆ. ಹೊತ್ತನ್ನೂ ಕೊಟ್ಟು ಕೂತು ಕೇಳುವ ಭಕ್ತರಿಗೆ ಮಾದಪ್ಪ ಒಳ್ಳೆಯದು ಮಾಡಲಿ.

ಉಘೇ ಉಘೇ ಮಾದಪ್ಪ! ಉಘೇ ಮಾಯ್ಕಾರ ಮಾದಪ್ಪ!